ಜೋಗಕ್ಕೆ ಒಂದು ಗಂಟೆ ಸಾಲದು

ಕಾಲೇಜು ಪ್ರವಾಸದಲ್ಲಿ ಜೋಗಕ್ಕೆ ಸಿಗುವುದು ಒಂದೇ ಗಂಟೆ, ಅದೂ ನಡು ಮಧ್ಯಾಹ್ನ. ಪಟ್ಟಿಯಿಂದ ಎರಡು ಸ್ಥಳ ಕೈಬಿಟ್ಟು ಅಲ್ಲಿ ಅರ್ಧ ದಿನವಾದರೂ ನಿಲ್ಲಬೇಕು ಎಂಬುದು ನನ್ನ ವಾದ.

ನೆತ್ತಿ ಸುಡುವ ಬಿಸಿಲಿನಲ್ಲಿ 253 ಮೀಟರ್ ಎತ್ತರದ ಜಲಪಾತವೂ ಮೊಬೈಲ್ ಫೋಟೊದಲ್ಲಿ ಬರೀ ಬಿಳಿ ಪಟ್ಟಿ. ತೆಳುವಾದ ಮೋಡ ಬಂದರೆ ನೀರಿನ ಎಳೆಎಳೆಯೂ ಕಾಣುತ್ತದೆ. ಮಳೆಗಾಲದಲ್ಲಿ ಮಂಜು ಬಂದು ರಾಜ, ರಾಣಿ, ರೋರರ್, ರಾಕೆಟ್ ನಾಲ್ಕನ್ನೂ ಮುಚ್ಚಿಬಿಡುತ್ತದೆ. ಮತ್ತೆ ಸರಿಯುವುದು ಸ್ವಲ್ಪ ಹೊತ್ತು ಮಾತ್ರ. ಅದು ಪೂರ್ತಿ ಸರಿಯುವವರೆಗೆ ಕಾಯಬೇಡಿ. ಅರ್ಧ ಸರಿದಾಗಲೇ ಕ್ಲಿಕ್ಕಿಸಿ, ಕಣಿವೆಯ ಆಳ ಚಿತ್ರದಲ್ಲಿ ಮೂಡುತ್ತದೆ. ಪರದೆಯ ಮೇಲೆ ನೀರಿರುವ ಕಡೆ ಬೆರಳಿಟ್ಟು ಬೆಳಕನ್ನು ತುಸು ಇಳಿಸಿಕೊಳ್ಳಿ. ಲೆನ್ಸ್ ಒರೆಸಲು ಹತ್ತಿಯ ಕರವಸ್ತ್ರ ಇರಲಿ.

ಮೋಡ ಕವಿದರೆ ಗೆಳತಿಯರು 'ವೆದರ್ ಸರಿಯಿಲ್ಲ' ಎಂದು ಬಸ್ ಹತ್ತುತ್ತಾರೆ. ನಮ್ಮ ಮನೆಯಲ್ಲಿ ಅದೇ ಮೋಡ ಕಂಡರೆ 'ಮೌಸಮ್ ಅಚ್ಛಾ ಹೈ' ಎನ್ನುತ್ತಾರೆ! ಈ ವಿಷಯದಲ್ಲಿ ನಾನು ಅಮ್ಮಿಯ ಪಕ್ಷ. ಆಮೇಲೆ ಆ್ಯಪ್‌ನಲ್ಲಿ ಆಕಾಶಕ್ಕೆ ನೀಲಿ ಬಳಿಯುವುದಾದರೆ ಅಷ್ಟು ದೂರ ಹೋಗುವುದಾದರೂ ಏಕೆ?

ಎರಡು ಸ್ಥಳ ಬಿಟ್ಟರೆ ಬಸ್ಸಿನ ಕಿಲೋಮೀಟರೂ ಕಡಿಮೆಯಾಗುತ್ತದೆ. ಉಪನ್ಯಾಸಕರು ಒಪ್ಪಿದರೆ ಖರ್ಚಿನ ಲೆಕ್ಕವನ್ನು ನಮ್ಮ ಕಾಮರ್ಸ್ ತರಗತಿಯೇ ಹಾಕಿಕೊಡುತ್ತದೆ.