ಕೆನೋಸಿಸ್: ಬರಿದಾದವನಾರು?

‘ಕೆನೋಸಿಸ್’ ಎಂಬ ಗ್ರೀಕ್ ಪದಕ್ಕೆ ಬರಿಯ ‘ವಿನಯ’ವೆಂದು ಅರ್ಥ ಹೇಳಿ, ಅದನ್ನು ದೀನರಿಗೇ ಉಪದೇಶಿಸುವ ಪರಿಪಾಟಿಯೊಂದುಂಟು. ಇದು ಸರ್ವಥಾ ಸಾಧುವಲ್ಲ.

ಪದದ ಅರ್ಥವು ‘ಬರಿದುಮಾಡುವಿಕೆ’. ಈ ನಾಮಪದವು ಹೊಸ ಒಡಂಬಡಿಕೆಯಲ್ಲಿ ಎಲ್ಲಿಯೂ ಇಲ್ಲ. ಸೆರೆಯಲ್ಲಿದ್ದ ಪೌಲನು ಫಿಲಿಪ್ಪಿಯವರಿಗೆ ಬರೆದ ಪತ್ರದ 2ನೆಯ ಅಧ್ಯಾಯ, 7ನೆಯ ವಚನದ ಕ್ರಿಯಾಪದವೇ ಈ ಪರಿಭಾಷೆಗೆ ಮೂಲ. ಅಲ್ಲಿಯ ವ್ಯಾಕರಣವನ್ನು ವಾಚಕರು ಪರಾಂಬರಿಸಬೇಕು. ಕರ್ತೃ ಕ್ರಿಸ್ತನು; ಕರ್ಮವೂ ಆತನೇ. ಆತನನ್ನು ಅನ್ಯರು ಬರಿದುಮಾಡಲಿಲ್ಲ, ತನ್ನನ್ನು ತಾನೇ ಬರಿದುಮಾಡಿಕೊಂಡನು. ಹಿಂದಿನ ವಚನವು ಆತನ ದೇವಸ್ವರೂಪವನ್ನು ಹೇಳುತ್ತದೆ. ತುಂಬಿದ ಕೊಡವನ್ನಲ್ಲವೇ ಬರಿದುಮಾಡುವುದು?

19ನೆಯ ಶತಮಾನದಲ್ಲಿ ಜರ್ಮನಿಯ ಥೊಮಾಸಿಯುಸನು, ಕ್ರಿಸ್ತನು ಸರ್ವಜ್ಞತ್ವಾದಿ ಗುಣಗಳನ್ನು ತೊರೆದನೆಂದನು. ದೈವತ್ವವು ಕುಂದದೆಂದು ಪ್ರತಿಪಕ್ಷದವರು ವಾದಿಸಿದರು. ತ್ಯಾಗವು ಸ್ವೇಚ್ಛೆಯದೆಂಬುದರಲ್ಲಿ ಮಾತ್ರ ಉಭಯರಿಗೂ ಭೇದವಿಲ್ಲ.

ಹೀಗಿರಲು, ಹಸಿದ ಕೂಲಿಗೂ ಪೀಡಿತಳಾದ ಸೊಸೆಗೂ ‘ನೀವು ಬರಿದಾಗಿರಿ’ ಎಂದು ಬೋಧಿಸುವುದು, ಕಸಿದುಕೊಂಡುದಕ್ಕೆ ತ್ಯಾಗವೆಂದು ಹೆಸರಿಟ್ಟಂತೆ. ಪೌಲನು ಈ ಮನಸ್ಸು ನಿಮ್ಮೆಲ್ಲರಲ್ಲಿಯೂ ಇರಬೇಕೆನ್ನಲಿಲ್ಲವೇ ಎಂದು ಕೆಲವರು ಆಕ್ಷೇಪಿಸಬಹುದು. ದಿಟ; ಎಲ್ಲರೆಂದಮೇಲೆ ಪೀಠದ ಮೇಲೆ ಕುಳಿತು ಬೋಧಿಸುವವರೂ ಸೇರಿದರು. ಕೊಡ ತುಂಬಿರುವುದು ಅವರಲ್ಲಿ. ಮೊದಲು ಅವರೇ ಬಾಗಿಸಲಿ.