ಧಾಬೆಯ ಅಖ್ಖಾ ಮಸೂರ ಮನೆಯ ಒಲೆಯ ಮೇಲೆ

ನಮ್ಮ ಸಾಂಗಲಿ ಜಿಲ್ಲೆಗೆ ಎರಡು ಮುಖಗಳುಂಟು. ಪಶ್ಚಿಮಕ್ಕೆ ಕೃಷ್ಣೆಯ ನೀರು ಕುಡಿದು ಬೆಳೆದ ಕಬ್ಬಿನ ನಾಡು. ಪೂರ್ವಕ್ಕೆ ಮಳೆಯ ದಾರಿ ಕಾಯುತ್ತ ಕುಳಿತ ಜೋಳ-ಸಜ್ಜೆಗಳ ನಾಡು, ಎಂದರೆ ನಮ್ಮ ಜತ್ತ ತಾಲೂಕು. ಪಶ್ಚಿಮದ ಸಕ್ಕರೆ ಕಾರಖಾನೆಗಳ ಹಂಗಾಮು ಆರಂಭವಾಯಿತೆಂದರೆ ಪೂರ್ವದ ಎಷ್ಟೋ ಮನೆಗಳ ಮಂದಿ ಕಬ್ಬು ಕಡಿಯಲು, ಟ್ರ್ಯಾಕ್ಟರು ಹೊಡೆಯಲು ಅತ್ತ ಸಾಗುವರು. ಹಂಗಾಮು ಮುಗಿಸಿ ಬರುವಾಗ ನಾಲ್ಕು ಕಾಸಿನೊಂದಿಗೆ ನಾಲಿಗೆಗೆ ಅಂಟಿಸಿಕೊಂಡು ಬರುವ ಒಂದು ರುಚಿಯಿದೆ. ಅದರ ಹೆಸರು ಅಖ್ಖಾ ಮಸೂರ.

ಪುಣೆ-ಬೆಂಗಳೂರು ಹೆದ್ದಾರಿಯ ಪೇಠನಾಕಾದಲ್ಲಿ ಸಾಂಗಲಿಯ ಕಡೆಗೆ ತಿರುಗಿದರೆ ಇಸ್ಲಾಂಪುರ ಬರುವದು. ಅದನ್ನು ಈಶ್ವರಪುರವೆಂದು ಕರೆಯುವ ನಿರ್ಧಾರವನ್ನು ರಾಜ್ಯ ಸರಕಾರವು 2025ರಲ್ಲಿ ಪ್ರಕಟಿಸಿತು. ಹೆಸರು ಏನೇ ಇರಲಿ, ಆ ಭಾಗದ ಧಾಬೆಗಳು ಈ ಪದಾರ್ಥಕ್ಕೆ ಹೆಸರುವಾಸಿ. ಮರಾಠಿಯಲ್ಲಿ ‘ಅಖ್ಖಾ’ ಎಂದರೆ ಇಡಿಯಾದದ್ದು. ನಾವು ಚನ್ನಂಗಿ ಎನ್ನುವ ಕಾಳನ್ನು ಒಡೆದು ಬೇಳೆ ಮಾಡದೆ, ಕಂದುಬಣ್ಣದ ಸಿಪ್ಪೆಯೊಂದಿಗೆ ಇಡಿಯಾಗಿಯೇ ಬೇಯಿಸಿ, ಉಳ್ಳಾಗಡ್ಡಿ ಟಮಾಟಿಗಳ ಗಟ್ಟಿ ಮಸಾಲೆಯಲ್ಲಿ ಕುದಿಸಿ, ಮೇಲೆ ಕೆಂಪು ಎಣ್ಣೆ ತೇಲಿಸಿ ಕೊಡುವ ಪಲ್ಯವಿದು. ಈ ಕಾಳಿಗೆ ಲ್ಯಾಟಿನ್ ಭಾಷೆಯಲ್ಲಿ ‘ಲೆನ್ಸ್’ ಎಂದು ಹೆಸರು. ನಾವು ಶಾಲೆಯಲ್ಲಿ ಮಕ್ಕಳಿಗೆ ತೋರಿಸುವ ಭೂತಗನ್ನಡಿಯ ಗಾಜಿಗೆ ಲೆನ್ಸ್ ಎಂಬ ಹೆಸರು ಬಂದದ್ದು ಅದರ ಆಕಾರವು ಈ ಕಾಳನ್ನು ಹೋಲುವದರಿಂದಲೇ. ಆರನೆಯ ಇಯತ್ತೆಯ ಮಕ್ಕಳ ಅಂಗೈಯಲ್ಲಿ ಒಂದೊಂದು ಕಾಳು ಇಟ್ಟು ಹೇಳಿದರೆ ಆ ಪಾಠ ಮರೆಯುವದಿಲ್ಲ.

ಈ ಸಲ ಅಡಿಗೆಮನೆಯ ವಿಷಯ ಎತ್ತಿಕೊಳ್ಳಲು ಕಾರಣವುಂಟು. ಪಾಲಕರ ಸಭೆ ಮುಗಿದ ಬಳಿಕ ಒಬ್ಬ ತಾಯಿ ಹಿಂದೆ ಉಳಿದರು. ಮಗನು ಹಂಗಾಮಿನಿಂದ ಬಂದವನು ಮಸೂರ ಮಾಡೆಂದು ಹಟ ಹಿಡಿದನಂತೆ. ಮಾಡಿದರೆ, ‘ಯವ್ವಾ, ಧಾಬಾದಾಗಿನ ರುಚಿ ಇಲ್ನೋಡ’ ಎಂದು ತಾಟು ಸರಿಸಿ ಎದ್ದನಂತೆ. ಮೂರು ಸಲ ಹೀಗಾಯಿತು. ‘ನನ್ನ ಕೈಯಾಗಿನ ರುಚಿ ಹೋತೇನ್ರಿ ಮಾಸ್ತರ?’ ಎಂದು ಆ ತಾಯಿ ಕೇಳಿದರು. ಮೂವತ್ತು ವರುಷ ಒಲೆಯ ಮುಂದೆ ಕುಳಿತ ಜೀವವು ಹೀಗೆ ಕೇಳುವಂತಾಗಬಾರದು. ಇದು ಕೇವಲ ಒಂದು ಮನೆಯ ಮಾತೂ ಅಲ್ಲ. ಸೊಲ್ಲಾಪುರ, ಮೀರಜ, ಪುಣೆಗಳಲ್ಲಿ ನೆಲೆಸಿದ ನಮ್ಮ ಓದುಗರ ಮನೆಗಳಲ್ಲಿಯೂ ಹೋಟೆಲಿನ ಹೆಸರು ಹೇಳಿ ಮನೆಯ ಅಡಿಗೆಗೆ ಮೂಗು ಮುರಿಯುವ ಮಕ್ಕಳು ಇದ್ದೇ ಇರುವರು.

ಅಂಥ ಧಾಬೆಯೊಂದರ ಅಡಿಗೆಮನೆಯ ಬಾಗಿಲಲ್ಲಿ ನಿಂತು ನಾವು ನೋಡಿದ್ದುಂಟು. ಒಬ್ಬನು ಉಳ್ಳಾಗಡ್ಡಿ ಹೆಚ್ಚುವವನು. ಅವನಿಗೆ ಬೇರೆ ಕೆಲಸವಿಲ್ಲ. ಇನ್ನೊಬ್ಬನು ದೊಡ್ಡ ಪಾತೇಲಿಯಲ್ಲಿ ಕಾಳು ಬೇಯಿಸಿ ಇಡುವವನು. ಮತ್ತೊಬ್ಬನು ಮಸಾಲೆ ಹುರಿಯುವವನು. ರೊಟ್ಟಿ ಬಡಿಯುವವನೇ ಬೇರೆ, ಮುಸುರಿ ತಿಕ್ಕುವವನೇ ಬೇರೆ. ಊಟದವರು ಬಂದು ಕುಳಿತಾಗ ಮಾಡುವದು ಎರಡು ಮಿನಿಟಿನ ಕೆಲಸ. ಆದರೆ ಅದರ ಹಿಂದೆ ಐದು ಜನರ ಅರ್ಧ ದಿವಸದ ದುಡಿಮೆ ಇರುವದು. ಮನೆಯಲ್ಲಿ ಇದೆಲ್ಲವನ್ನು ಹೊಲದಿಂದ ದಣಿದು ಬಂದ ಒಬ್ಬ ಹೆಣ್ಣುಮಗಳು ಮುಕ್ಕಾಲು ತಾಸಿನಲ್ಲಿ ಮುಗಿಸಬೇಕು. ಹೋದದ್ದು ಕೈಯ ರುಚಿಯಲ್ಲ; ಸಿಗದೆ ಹೋದದ್ದು ವೇಳೆ. ಪೇಟೆಯಲ್ಲಿ ಮಾರುವ ಸಿದ್ಧ ಮಸಾಲೆಯ ಪುಡಿಕೆಗಳು ಈ ವೇಳೆಯನ್ನು ತಂದುಕೊಡಲಾರವು.

ವೇಳೆ ಹೆಚ್ಚು ಬೇಕಾಗುವದು ಉಳ್ಳಾಗಡ್ಡಿಗೆ. ಉಳ್ಳಾಗಡ್ಡಿಯಲ್ಲಿ ನೂರಕ್ಕೆ ಹೆಚ್ಚುಕಡಿಮೆ 89 ಪಾಲು ನೀರೇ ಇರುವದು. ಈ ನೀರು ಆರುವವರೆಗೆ ಬೋಗಾಣಿಯೊಳಗಿನ ಕಾವು 100 ಡಿಗ್ರಿಯ ಮೇಲೆ ಏರುವದಿಲ್ಲ. ಎಂದರೆ ಉಳ್ಳಾಗಡ್ಡಿ ಬೇಯುವದೇ ಹೊರತು ಹುರಿಯುವದಿಲ್ಲ. ನೀರು ಆರಿ ಕಾವು 140 ಡಿಗ್ರಿಯ ಸುತ್ತಮುತ್ತ ಬಂದಾಗ ಅದರೊಳಗಿನ ಸಕ್ಕರೆಯೂ ಸಾರಜನಕದ ಅಂಶವೂ ಕೂಡಿ ಕಂದುಬಣ್ಣ, ಹೊಸ ವಾಸನೆ, ಹೊಸ ರುಚಿ ಹುಟ್ಟಿಸುವವು. ಫ್ರಾನ್ಸಿನ ಮಯಾರ್ ಎಂಬ ರಸಾಯನಶಾಸ್ತ್ರಜ್ಞನು 1912ರಲ್ಲಿ ಇದನ್ನು ವಿವರಿಸಿದ್ದರಿಂದ ಈ ಕ್ರಿಯೆಗೆ ಅವನ ಹೆಸರೇ ಉಳಿದಿದೆ. ರೊಟ್ಟಿಯ ಮೇಲಿನ ಕಪ್ಪು ಚುಕ್ಕೆಗಳಲ್ಲಿಯೂ ಹುರಿದ ಶೇಂಗಾದಲ್ಲಿಯೂ ನಾವು ಸವಿಯುವದು ಇದನ್ನೇ. ಧಾಬೆಯವನು ಉಳ್ಳಾಗಡ್ಡಿಯನ್ನು ಕಂದುಬಣ್ಣ ಬರುವವರೆಗೆ ಬಿಡುವನು. ನಮ್ಮ ಮನೆಗಳಲ್ಲಿ ಅದು ಮೆತ್ತಗಾಗಿ ಬೆಳ್ಳಗಿರುವಾಗಲೇ ಟಮಾಟಿ ಬೀಳುವದು. ಟಮಾಟಿಯ ನೀರು ಬಿತ್ತೆಂದರೆ ಕಾವು ಮತ್ತೆ ಕೆಳಗೆ. ಧಾಬೆಯ ರುಚಿಗೂ ಮನೆಯ ರುಚಿಗೂ ಇರುವ ಅಂತರದಲ್ಲಿ ಅರ್ಧಕ್ಕಿಂತ ಹೆಚ್ಚಿನದು ಇಲ್ಲಿಯೇ ಇದೆಯೆಂದು ನಮ್ಮ ಎಣಿಕೆ.

ಇನ್ನು ಕಾಳು. ಹುಳಿ ಸೋಕಿದರೆ ಕಾಳಿನ ಸಿಪ್ಪೆ ಬೇಗ ಮೆತ್ತಗಾಗುವದಿಲ್ಲ. ಆದುದರಿಂದ ಟಮಾಟಿಯೊಡನೆ ಕಾಳು ಬೇಯಲಿಡತಕ್ಕದ್ದಲ್ಲ. ಮೊದಲು ಬರಿಯ ನೀರಿನಲ್ಲಿ ಬೇಯಿಸಿಕೊಂಡು ಆಮೇಲೆ ಮಸಾಲೆಗೆ ಕೂಡಿಸಬೇಕು. ಬೋರಿನ ಗಡಸು ನೀರಿನಲ್ಲಿಯೂ ಇದೇ ತೊಂದರೆ. ಚಿಟಿಕೆ ಸೋಡಾ ಹಾಕುವ ರೂಢಿ ಕೆಲವೆಡೆ ಉಂಟು. ಕಾಳು ಬೇಗ ಬೇಯುವದು ನಿಜ, ಆದರೆ ಅದರೊಳಗಿನ ಬಿ-1 ಜೀವಸತ್ವವು ನಾಶವಾಗುವದು. ಅದಕ್ಕಿಂತ ಒಂದು ತಾಸು ಬಿಸಿನೀರಿನಲ್ಲಿ ನೆನೆಯಿಡುವದು ಲೇಸು.

ಅಳತೆ ಹೀಗೆ. ಐದಾರು ಜನರಿಗೆ ಇಡಿ ಮಸೂರ ಪಾವು ಕಿಲೋ. ಉಳ್ಳಾಗಡ್ಡಿ ನಡುತರದವು ನಾಲ್ಕು, ಟಮಾಟಿ ಮೂರು, ಬಳ್ಳೊಳ್ಳಿ ಹದಿನೈದು ಎಸಳು, ಹಸಿಶುಂಠಿ ಒಂದು ಇಂಚು, ತುರಿದ ಒಣಕೊಬ್ಬರಿ ಎರಡು ಚಮಚ, ಕಾಂದಾ-ಲಸೂಣ ಮಸಾಲೆ ಎರಡು ದೊಡ್ಡ ಚಮಚ, ಎಣ್ಣೆ ಐದು ದೊಡ್ಡ ಚಮಚ, ಅರಿಸಿಣ, ಉಪ್ಪು, ಕೊತಂಬರಿ. ನೆನೆದ ಕಾಳಿಗೆ ಮೂರು ಪಟ್ಟು ನೀರು, ಚಿಟಿಕೆ ಅರಿಸಿಣ ಹಾಕಿ ತೆರೆದ ಬೋಗಾಣಿಯಲ್ಲಿ ಬೇಯಿಸಿರಿ. ಕುಕ್ಕರಿನಲ್ಲಿ ಬಹುತೇಕ ಕರಗಿಹೋಗುವದು. ಕರಗಿದರೆ ಅದು ಅಖ್ಖಾ ಹೇಗಾದೀತು? ಬೆರಳಿನ ನಡುವೆ ಒತ್ತಿದರೆ ಸಲೀಸಾಗಿ ಚಪ್ಪಟೆಯಾಗಬೇಕು, ಆದರೆ ತಾನಾಗಿ ಒಡೆದಿರಬಾರದು. ಬೆಂದ ನೀರನ್ನು ಚೆಲ್ಲಬೇಡಿರಿ.

ಅತ್ತ ಕಾಳು ಬೇಯುವಾಗ ಇತ್ತ ದಪ್ಪ ತಳದ ಬುಟ್ಟಿಯಲ್ಲಿ ನಾಲ್ಕು ಚಮಚ ಎಣ್ಣೆ ಕಾಯಿಸಿ, ಸಣ್ಣಗೆ ಹೆಚ್ಚಿದ ಉಳ್ಳಾಗಡ್ಡಿಯನ್ನು ನಡುವಣ ಉರಿಯಲ್ಲಿ ಇಪ್ಪತ್ತು-ಇಪ್ಪತ್ತೈದು ಮಿನಿಟು ಹುರಿಯಬೇಕು. ಬೆಲ್ಲದ ಬಣ್ಣ ಬಂದ ಮೇಲೆ ಅರೆದ ಬಳ್ಳೊಳ್ಳಿ, ಶುಂಠಿ, ಕೊಬ್ಬರಿ. ಅವುಗಳ ಹಸಿವಾಸನೆ ಹೋದ ಮೇಲೆ ಟಮಾಟಿ. ಟಮಾಟಿ ಕರಗಿ ಅಂಚಿನಲ್ಲಿ ಎಣ್ಣೆ ಬಿಟ್ಟಾಗ ಬುಟ್ಟಿಯನ್ನು ಕೆಳಗಿಳಿಸಿ ಮಸಾಲೆಖಾರ ಕೂಡಿಸತಕ್ಕದ್ದು. ಮೆಣಸಿನಕಾಯಿಯ ಕೆಂಪು ಬಣ್ಣ ಎಣ್ಣೆಯಲ್ಲಿ ಕರಗುವದು, ನೀರಿನಲ್ಲಿ ಕರಗದು. ಆದುದರಿಂದ ಖಾರವು ನೀರಿಗಿಂತ ಮೊದಲು ಎಣ್ಣೆಯನ್ನು ಸೇರಬೇಕು. ಉರಿಯ ಮೇಲೆಯೇ ಹಾಕಿದರೆ ಹೊತ್ತಿ ಕಹಿಯಾಗುವದು. ಬಣ್ಣಕ್ಕೆ ಬ್ಯಾಡಗಿ, ಖಾರಕ್ಕೆ ಸಂಕೇಶ್ವರಿ ಎಂದು ನಮ್ಮ ಹಿರಿಯರು ಎರಡನ್ನೂ ಬೆರೆಸುತ್ತಿದ್ದರು. ಮತ್ತೆ ಒಲೆಯ ಮೇಲಿಟ್ಟು, ಕಾಳು ಬೆಂದ ಬಿಸಿನೀರು ಹೊಯ್ದು, ಕುದಿ ಬಂದ ಮೇಲೆ ಕಾಳು ಸುರಿದು, ಉಪ್ಪು ಹಾಕಿ, ಹದಿನೈದು ಮಿನಿಟು ಸಣ್ಣ ಉರಿ. ಆಮೇಲೆ ಮುಚ್ಚಿ ಅರ್ಧ ತಾಸು ಬಿಡಿರಿ. ಧಾಬೆಯಲ್ಲಿ ಬೆಳಗಿನದು ಮಧ್ಯಾಹ್ನಕ್ಕೆ ರುಚಿಗೂಡುವದು ಈ ವಿಶ್ರಾಂತಿಯಿಂದಲೇ.

ಉಣ್ಣುವ ವೇಳೆಗೆ ಸಣ್ಣ ಬಾಣಲೆಯಲ್ಲಿ ಉಳಿದ ಒಂದು ಚಮಚ ಎಣ್ಣೆ ಚೆನ್ನಾಗಿ ಕಾಯಿಸಿ, ಜಜ್ಜಿದ ನಾಲ್ಕೆಸಳು ಬಳ್ಳೊಳ್ಳಿ ಕೆಂಪಾಗಿಸಿ, ಎರಡು ಸೌಟು ಮಸೂರ ಹಾಕಿ, ಕೆಲವು ಕಾಳುಗಳನ್ನು ಸೌಟಿನ ಬೆನ್ನಿನಿಂದ ಹಿಸುಕಿ, ಜೋರು ಉರಿಯಲ್ಲಿ ಎರಡು ಮಿನಿಟು ಆಡಿಸಿ ಉಳಿದದ್ದಕ್ಕೆ ಕೂಡಿಸಿರಿ. ಹೊಗೆಯ ವಾಸನೆ ಬೇಕೆನ್ನುವವರು ಚಿಕ್ಕ ಬಟ್ಟಲಲ್ಲಿ ಒಂದು ನಿಗಿನಿಗಿ ಕೆಂಡವನ್ನು ಬುಟ್ಟಿಯ ನಡುವೆ ಇಟ್ಟು, ಅದರ ಮೇಲೆ ನಾಲ್ಕು ಹನಿ ತುಪ್ಪ ಬಿಟ್ಟು, ಕೂಡಲೆ ಮುಚ್ಚಬೇಕು. ಐದು ಮಿನಿಟು ಸಾಕು. ಧಾಬೆಯ ಭಟ್ಟಿಯ ರೊಟ್ಟಿ ಮನೆಯಲ್ಲಿಲ್ಲವೆಂಬ ಕೊರಗು ಮಾತ್ರ ಬೇಡ. ಕೆಂಡದ ಮೇಲೆ ಉಬ್ಬಿದ ನಮ್ಮ ಜೋಳದ ರೊಟ್ಟಿಯ ಮುಂದೆ ಆ ಮೈದಾ ರೊಟ್ಟಿ ಏನೂ ಅಲ್ಲ. ಜೋಳದಲ್ಲಿ ಕೊರತೆಯಾಗಿರುವ ಲೈಸಿನ್ ಎಂಬ ಪೋಷಕಾಂಶವು ಮಸೂರದಲ್ಲಿ ಹೇರಳವಾಗಿದೆ. ನೂರು ಗ್ರಾಂ ಒಣಕಾಳಿನಲ್ಲಿ 24 ಗ್ರಾಮಿನಷ್ಟು ಪ್ರೋಟೀನೂ ಇದೆ.

ಧಾಬೆಯಿಂದ ತರಬಾರದ ವಸ್ತುಗಳೆಂದರೆ ಅಲ್ಲಿಯ ಎಣ್ಣೆ, ಉಪ್ಪುಗಳ ಅಳತೆ. ದಿನಕ್ಕೆ 5 ಗ್ರಾಮಿಗಿಂತ ಕಡಿಮೆ ಉಪ್ಪು ಸಾಕೆಂದು ವಿಶ್ವ ಆರೋಗ್ಯ ಸಂಸ್ಥೆಯು ಹೇಳುವದು. ಎಂದರೆ ಒಂದು ಸಣ್ಣ ಚಮಚ. ನಾಲಿಗೆಗೆ ಎಳೆತ ಹತ್ತಿಸಿ ಗಿರಾಕಿಯನ್ನು ಮತ್ತೆ ಕರೆತರುವದು ಹೋಟೆಲಿನವನ ಕಸುಬು. ಅದರಲ್ಲಿ ಅವನ ತಪ್ಪಿಲ್ಲ. ತಾಯಿಗೆ ಆ ಕಸುಬಿಲ್ಲ.

ಇಂಥ ಹಂಬಲ ನಮ್ಮಲ್ಲಿ ಮಾತ್ರವಿಲ್ಲ. ಅಮೆರಿಕೆಯ ಟೆಕ್ಸಾಸ್ ಪ್ರಾಂತವು 1836ರವರೆಗೆ ಮೆಕ್ಸಿಕೋಕ್ಕೆ ಸೇರಿತ್ತು. ಗೆರೆ ಸರಿದರೂ ಒಲೆಗಳು ಸರಿಯಲಿಲ್ಲ. ಎರಡೂ ಕಡೆಯ ಕೈಗಳು ಕೂಡಿ ‘ಟೆಕ್ಸ್-ಮೆಕ್ಸ್’ ಎಂಬ ಗಡಿಯಡಿಗೆ ಬೆಳೆಯಿತು. ಅಲ್ಲಿಯ ಗೃಹಿಣಿಯರೂ ಹೋಟೆಲಿನಲ್ಲಿ ತಿಂದ, ಕೆಂಡದ ಮೇಲೆ ಸುಟ್ಟ ಸೀಗಡಿಯನ್ನು ಮನೆಯಲ್ಲಿ ಮಾಡಲು ಹೆಣಗುವರು. ನಮ್ಮ ಜತ್ತ ಸಂಸ್ಥಾನವು 1948ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಗಿ, 1960ರಲ್ಲಿ ಮಹಾರಾಷ್ಟ್ರದಲ್ಲಿ ಉಳಿಯಿತು. ಮೆಣಸಿನಕಾಯಿ, ಟಮಾಟಿಗಳು ಆ ಅಮೆರಿಕ ಖಂಡದಿಂದಲೇ ನಮ್ಮಲ್ಲಿಗೆ ಬಂದವು. ಮಸೂರವಾದರೂ ನಮ್ಮ ಹೊಲದ್ದೇ? ಅದು ಮಧ್ಯಪ್ರದೇಶ, ಉತ್ತರಪ್ರದೇಶಗಳ ಹಿಂಗಾರಿ ಬೆಳೆ. ಸಾಲದ್ದಕ್ಕೆ ಕೆನಡಾ, ಆಸ್ಟ್ರೇಲಿಯಾಗಳಿಂದ ಹಡಗಿನಲ್ಲಿ ಬರುವದು.

ಇನ್ನೊಂದು ಮಾತನ್ನು ಗಂಡುಮಕ್ಕಳಿಗೆ ಹೇಳುವದಿದೆ. ಧಾಬೆಯ ರುಚಿ ಬೇಕಾದರೆ ಧಾಬೆಯ ಪದ್ಧತಿಯೂ ಮನೆಗೆ ಬರಲಿ. ಅಲ್ಲಿ ಉಳ್ಳಾಗಡ್ಡಿ ಹೆಚ್ಚುವವನು ಗಂಡಸು, ಮಸಾಲೆ ಹುರಿಯುವವನು ಗಂಡಸು, ಮುಸುರಿ ತಿಕ್ಕುವವನೂ ಗಂಡಸು. ಟ್ರ್ಯಾಕ್ಟರು ಹೊಡೆಯುವ ಕೈಗೆ ಇಪ್ಪತ್ತೈದು ಮಿನಿಟು ಸೌಟು ಆಡಿಸುವದು ಭಾರವಾಗಲಾರದು. ಆ ತಾಯಿಗೂ ಇದನ್ನೇ ಹೇಳಿ, ಮಗನನ್ನು ಒಂದು ಆದಿತ್ಯವಾರ ಒಲೆಯ ಮುಂದೆ ಕೂಡ್ರಿಸಿರೆಂದು ಸೂಚಿಸಿದೆವು. ಅವನು ಕುಳಿತನಂತೆ. ಕಣ್ಣಲ್ಲಿ ನೀರು ಬಂದದ್ದು ಉಳ್ಳಾಗಡ್ಡಿಗಂತೆ; ಇರಲಿ.

ಪೇಟೆಯ ಮಸೂರ ತುಟ್ಟಿಯಾದಾಗ ನಮ್ಮ ಕೆಂಪು ನೆಲದ ಮಡಕಿ ಕಾಳಿನಿಂದಲೂ ಇದನ್ನು ಮಾಡಬಹುದು. ಆಗ ಕಾಳನ್ನು ರಾತ್ರಿ ನೆನೆಯಿಟ್ಟು, ಬೆಳಿಗ್ಗೆ ಅರಿವೆಯಲ್ಲಿ ಕಟ್ಟಿ ಮೊಳಕೆ ಬರಿಸಬೇಕು. ಮೊಳಕೆಯೊಡೆದ ಮಡಕಿ ಬೇಗ ಬೇಯುವದರಿಂದ ಹದ ನೋಡುತ್ತ ನಿಲ್ಲಬೇಕು. ಕೊಬ್ಬರಿಯ ಬದಲು ಹುರಿದ ಶೇಂಗಾದ ಪುಡಿ ಎರಡು ಚಮಚ ಹಾಕಿದರೆ ಮಸಾಲೆ ಚೆನ್ನಾಗಿ ಗಟ್ಟಿಯಾಗುವದು. ಉಳಿದದ್ದೆಲ್ಲ ಮೇಲೆ ಹೇಳಿದಂತೆಯೇ.