ಅಡುಗೆಮನೆ ಹೊಕ್ಕ ಕ್ಯಾಮೆರಾ, ಮುಚ್ಚಿದ ಕಪಾಟು

ಮಲಯಾಳಂ ಸಿನಿಮಾ ಅಲ್ಲಿನ ಸಮಾಜದ ಕನ್ನಡಿ ಎಂಬ ಮಾತು ಪುಣೆ, ದೆಹಲಿಗಳ ಕನ್ನಡ ಮನೆಗಳಲ್ಲೂ ಈಗ ಸವಕಲಾಗಿದೆ. ಸಬ್‌ಟೈಟಲ್ ಓದುತ್ತ ಚಿತ್ರ ನೋಡಿದವರು ಚಿತ್ರಕ್ಕಷ್ಟೇ ಅಲ್ಲ, ಇಡೀ ಕೇರಳಕ್ಕೇ ಪ್ರಗತಿಪರ ಎಂಬ ಪ್ರಮಾಣಪತ್ರ ಕೊಟ್ಟು ಏಳುತ್ತಾರೆ. ಕನ್ನಡಿ ಎನ್ನುವುದು ಸರಿ. ಪ್ರಮಾಣಪತ್ರ ಮಾತ್ರ ಅವಸರದ್ದು.

2021ರ ಜನವರಿಯಲ್ಲಿ ಬಂದ ಜಿಯೋ ಬೇಬಿಯವರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ಚಿತ್ರವನ್ನೇ ನೋಡಿ. ಅಲ್ಲಿನ ಮಾವ ಗದರುವವನಲ್ಲ. ಅನ್ನ ಕುಕ್ಕರಿನಲ್ಲಿ ಬೇಡ, ಸೌದೆ ಒಲೆಯ ಮೇಲಾಗಲಿ. ಬಟ್ಟೆ ಮಷಿನ್ನಿಗೆ ಬೇಡ, ಕೈಯಲ್ಲೇ ಒಗೆ ಎಂದು ಮೆತ್ತಗೆ ಹೇಳುತ್ತಾನೆ. ಹಲ್ಲುಜ್ಜುವ ಬ್ರಷ್ಷೂ ಹೆಂಗಸರ ಕೈಯಿಂದಲೇ ಬರಬೇಕು. ಸಿಂಕಿನ ಪೈಪು ಸೋರುತ್ತಲೇ ಇರುತ್ತದೆ. ಪ್ಲಂಬರನನ್ನು ಕರೆಯುವುದು ಮೇಷ್ಟ್ರಾದ ಗಂಡನಿಗೆ ನೆನಪಾಗುವುದೇ ಇಲ್ಲ. ಸಾಕ್ಷರತೆಗೆ ಹೆಸರಾದ ರಾಜ್ಯದ ಮನೆಯೊಳಗನ್ನು ಇಷ್ಟು ನಿಷ್ಠುರವಾಗಿ ತೋರಿಸಿದ ಚಿತ್ರಗಳು ಕಡಿಮೆ.

ಈ ಚಿತ್ರ ಬಂದಾಗ ಸರ್ಕಾರದ ಕಪಾಟಿನಲ್ಲಿ ಒಂದು ವರದಿ ಬೀಗ ಹಾಕಿಸಿಕೊಂಡು ಕೂತಿತ್ತು. 2017ರಲ್ಲಿ ನಟಿಯೊಬ್ಬರ ಮೇಲೆ ದೌರ್ಜನ್ಯ ನಡೆದ ಬಳಿಕ, ವಿಮೆನ್ ಇನ್ ಸಿನಿಮಾ ಕಲೆಕ್ಟಿವ್‌ನ ಒತ್ತಾಯದಿಂದ ನೇಮಕವಾದದ್ದು ನ್ಯಾಯಮೂರ್ತಿ ಕೆ. ಹೇಮಾ ಸಮಿತಿ. ವರದಿ ಸಲ್ಲಿಕೆಯಾದದ್ದು 2019ರ ಡಿಸೆಂಬರಿನಲ್ಲಿ. ಜನರ ಕೈಗೆ ಸಿಕ್ಕಿದ್ದು 2024ರ ಆಗಸ್ಟಿನಲ್ಲಿ, ಅದೂ ಹಲವು ಭಾಗಗಳನ್ನು ಕತ್ತರಿಸಿಕೊಂಡು. ಲೈಂಗಿಕ ಶೋಷಣೆಯ ಸಂಗತಿಗಳಿರಲಿ, ಚಿತ್ರೀಕರಣದ ಜಾಗದಲ್ಲಿ ಹೆಂಗಸರಿಗೆ ಶೌಚಾಲಯ, ಬಟ್ಟೆ ಬದಲಿಸುವ ಕೋಣೆ ಕೂಡ ಸರಿಯಾಗಿಲ್ಲ ಎಂದು ಅದರಲ್ಲಿದೆ. ಸೋರುವ ಸಿಂಕನ್ನು ದೇಶಕ್ಕೆಲ್ಲ ತೋರಿಸಿದ ಚಿತ್ರರಂಗದ ಅಂಗಳದ ಕಥೆ ಇದು!

ಸಾಕ್ಷಿ ಹೇಳಿದವರ ಗುಟ್ಟು ಕಾಪಾಡಬೇಕಿತ್ತು ಎಂಬ ಸಮಜಾಯಿಷಿ ಇದೆ. ಕಾಪಾಡಲೇಬೇಕು. ಆದರೆ ಹೆಸರು ಅಳಿಸಲು ನಾಲ್ಕೂವರೆ ವರ್ಷ ಬೇಕೇ?

ಇದು ಹೊಸ ರೋಗವೂ ಅಲ್ಲ. ಮಲಯಾಳಂನ ಮೊದಲ ಚಿತ್ರ, ಜೆ. ಸಿ. ಡೇನಿಯಲ್ಲರ ‘ವಿಗತಕುಮಾರನ್’ನಲ್ಲಿ ನಾಯರ್ ಹೆಣ್ಣಿನ ಪಾತ್ರ ಮಾಡಿದ ತಪ್ಪಿಗೆ ದಲಿತ ನಟಿ ಪಿ. ಕೆ. ರೋಸಿ ಊರನ್ನೇ ಬಿಡಬೇಕಾಯಿತು. ಆ ಕಥೆ ಕಮಲ್ ಅವರ ‘ಸೆಲ್ಯುಲಾಯ್ಡ್’ ಚಿತ್ರದಲ್ಲಿ ತೆರೆಗೆ ಬಂದದ್ದು 2013ರಲ್ಲಿ. ಓಡಿಸಿದವರೆಲ್ಲ ಸತ್ತ ಮೇಲೆ ಕಣ್ಣೀರು ಹಾಕುವುದು ಸುಲಭ. ಬದುಕಿರುವವರ ವಿಷಯ ಬಂದಾಗ ಚಿತ್ರರಂಗವೂ ಆ ಮಾವನಂತೆಯೇ: ಗದರುವುದಿಲ್ಲ, ಮೆತ್ತಗೆ ಬಾಗಿಲು ಹಾಕಿಕೊಳ್ಳುತ್ತದೆ. ಮಲಯಾಳಂ ಸಿನಿಮಾ ತನ್ನ ಸಮಾಜವನ್ನು ಅತ್ಯಂತ ಪ್ರಾಮಾಣಿಕವಾಗಿ ಪ್ರತಿಬಿಂಬಿಸುವುದು ಇಲ್ಲೇ, ತೆರೆಯ ಹಿಂದೆ.

ವರದಿ ಹೊರಬಿದ್ದ ಕೆಲವೇ ದಿನಗಳಲ್ಲಿ ನಟನಟಿಯರ ಸಂಘ ‘ಅಮ್ಮ’ದ ಕಾರ್ಯಕಾರಿ ಸಮಿತಿ ಇಡಿಯಾಗಿ ರಾಜೀನಾಮೆ ಕೊಟ್ಟಿತು. ಇಂಥದೇ ಸಮಿತಿ ಕನ್ನಡ ಚಿತ್ರರಂಗಕ್ಕೂ ಬೇಕೆಂದು ಫೈರ್ ಸಂಸ್ಥೆ ಮುಖ್ಯಮಂತ್ರಿಗೆ ಮನವಿ ಕೊಟ್ಟದ್ದು ಅದರ ಮರುತಿಂಗಳು.